ಟೀಚರ ಮನೆಗೆ ಬೇಕಾದ ಜನ

ಪಿಯಾನೋ ನುಡಿಸುವಾಗ ಟೀಚರ ಗಲ್ಲ ಮೇಲೆತ್ತಿರುತ್ತಿತ್ತು, ಕಣ್ಣು ಮುಚ್ಚಿರುತ್ತಿತ್ತು. ಬಲಗಾಲಿನ ಹೆಬ್ಬೆರಳಲ್ಲಿ ಹವಾಯಿ ಚಪ್ಪಲಿ ಮಾತ್ರ ತಾಳ ತಪ್ಪದೆ ಕುಣಿಯುತ್ತಿತ್ತು. ಮಣಿಪುರದ ಗುಡ್ಡಗಾಡಿನಿಂದ ಮಣಿಪಾಲಕ್ಕೆ ಓದಲು ಬಂದವರು, ಶಾಲೆಯೊಂದರಲ್ಲಿ ಸಂಗೀತ ಕಲಿಸುತ್ತ ಇಲ್ಲೇ ನಿಂತರು. ಸಂತೆಕಟ್ಟೆಯ ನಮ್ಮ ಹಿತ್ತಲಿನ ಸಣ್ಣ ಮನೆಯಲ್ಲಿ ಬಾಡಿಗೆಗಿದ್ದರು. ನನ್ನ ಮಗಳಿಗೂ ಅವರೇ ಗುರು. ಟೀಚರ್ ಕನ್ನಡ ಕಲಿತದ್ದು ಮೀನಿನವಳಿಂದ. "ಎಂತ ಮಾರಾಯ್ತಿ, ನಿನ್ನ ಬೆರಳಿಗೆ ನಿದ್ರೆ ಬಂತಾ?" ಎಂದು ಮಗಳನ್ನು ಗದರುತ್ತಿದ್ದರು.

ಊರಿನವರು ಅವರನ್ನು ನೇಪಾಳಿ ಎಂದರು, ಚೀನಾದವರು ಎಂದರು. ಟೀಚರಿಗೆ ನಗು. ಮಣಿಪುರದಲ್ಲಿ ಗಲಭೆ ಶುರುವಾಗಿ ಟಿವಿಯವರು ಗುಡ್ಡದ ಜನರನ್ನೆಲ್ಲ ಕುಕಿ ಎಂದಾಗ ಮಾತ್ರ ನಗಲಿಲ್ಲ.

"ನಾವು ಜೋಮಿ. ಜೋ ಜನ ಅಂತ ಅರ್ಥ. ನನ್ನ ಭಾಷೆ ಪೈತೆ. ಆದರೆ ಬೆಂಕಿ ಕೊಡುವವ ಬಾಗಿಲು ತಟ್ಟಿ ಇದನ್ನೆಲ್ಲ ಕೇಳ್ತಾನಾ?"

ಊರಲ್ಲಿ ಅವರ ಮನೆ ಸುಟ್ಟುಹೋಯಿತು. ತಾಯಿ ನಿರಾಶ್ರಿತರ ಶಿಬಿರದಲ್ಲಿ ತೀರಿಕೊಂಡರು. ಆಮೇಲೆ ಟೀಚರ ಬಾಯಲ್ಲಿ ಪೈತೆ ಕೇಳುತ್ತಿದ್ದದ್ದು ಹೆಚ್ಚಾಗಿ ಪ್ರಾರ್ಥನೆಯಲ್ಲೇ. ಅವರು ಬ್ಯಾಪ್ಟಿಸ್ಟ್, ನಾವು ಕೊಂಕಣಿ ಕ್ಯಾಥೊಲಿಕರು. ಕಿಟಕಿಯಿಂದ ಬರುವ ಆ ಪ್ರಾರ್ಥನೆಯ ಒಂದು ಶಬ್ದವೂ ನನಗೆ ತಿಳಿಯುತ್ತಿರಲಿಲ್ಲ, ಅಳು ತಿಳಿಯುತ್ತಿತ್ತು.

ಗಾಯದ ಮೇಲೆ ಬರೆ ಎಳೆದಂತೆ ಕ್ಯಾನ್ಸರ್ ಬಂತು. ಒಂದು ಮಧ್ಯಾಹ್ನ ಆಸ್ಪತ್ರೆಯಲ್ಲಿ ನಾನು ಗಂಜಿ ಕುಡಿಸುತ್ತಿದ್ದಾಗ ಟೀಚರ್ ಹೇಳಿದರು: ಅವರಲ್ಲಿ ಪ್ರತಿ ಮನೆಗೂ ಗೊತ್ತುಮಾಡಿದ ಜನರ ಒಂದು ಕೂಟವಂತೆ. ಮದುವೆಯಿರಲಿ, ಸಾವಿರಲಿ, ಅಣ್ಣತಮ್ಮಂದಿರ ಕೆಲಸ ಬೇರೆ, ಸೋದರಮಾವನ ಜಾಗ ಬೇರೆ. ಅಡುಗೆಗೆ ಮನೆಯ ಹೆಣ್ಣುಮಕ್ಕಳು, ಅವರ ಗಂಡಂದಿರೇ ನಿಲ್ಲಬೇಕು. ರಕ್ತಸಂಬಂಧವಿಲ್ಲದ ಒಬ್ಬ ಸ್ನೇಹಿತನಿಗೂ ಅಲ್ಲಿ ಜಾಗವುಂಟು, ಅವನು ಜೋಲ್.

"ನನ್ನ ಜೋಲ್ ನೀನಾಗ್ತೀಯಾ?"

"ಆಗ್ತೇನೆ. ಉಳಿದವರು?"

"ಅಕ್ಕ ಭಾವ ಗಡಿಯಾಚೆ ಬರ್ಮಾದಲ್ಲಿ, ಅಲ್ಲಿ ಬೇರೆ ಯುದ್ಧ. ಮಾವ ಮಿಜೋರಾಮಿಗೆ ಓಡಿಹೋದರು. ತಮ್ಮ ಶಿಬಿರದಲ್ಲಿದ್ದಾನೆ. ನನ್ನನ್ನು ಊರಿಗೆ ಕಳಿಸು ಮಾರಾಯ್ತಿ. ಯಾರೂ ಇಲ್ಲದೆ ಮಣ್ಣಿಗೆ ಹೋಗ್ಲಿಕ್ಕೆ ಹೆದರಿಕೆ ಆಗ್ತದೆ."

ಕಳಿಸುತ್ತೇನೆ ಎಂದೆ. ಈ ಸ್ಥಿತಿಯಲ್ಲಿ ವಿಮಾನ ಹತ್ತಿಸಬೇಡಿ ಎಂದರು ಡಾಕ್ಟರು. ಶಿಬಿರದಲ್ಲಿ ಅಕ್ಕನನ್ನು ಮಲಗಿಸಲು ಜಾಗವಿಲ್ಲ ಎಂದ ತಮ್ಮ, ಫೋನಿನಲ್ಲಿ. ಇಬ್ಬರ ಮೇಲೂ ನನಗೆ ಸಿಟ್ಟು ಬಂತು, ಇಬ್ಬರು ಹೇಳಿದ್ದೂ ನಿಜವೇ ಆಗಿತ್ತು. ಆ ವಾರವೇ ಟೀಚರ್ ತೀರಿಹೋದರು.

ಮಣಿಪಾಲದಲ್ಲಿ ಜೋಮಿ ಮಕ್ಕಳು ಯಾರಾದರೂ ಓದುತ್ತಿದ್ದಾರೆಯೇ ಎಂದು ಹುಡುಕಿಸಿದೆ, ಸಿಗಲಿಲ್ಲ. ಟೀಚರ ಚರ್ಚಿನಿಂದ ನಾಲ್ಕು ಜನ ನಮ್ಮ ಮನೆಗೆ ಬಂದರು. ಪಾಸ್ಟರ್ ಕನ್ನಡದಲ್ಲಿ ಪ್ರಾರ್ಥಿಸಿದರು. ಮಗಳು ಚಹಾ ಮಾಡಿ ಹಂಚಿದಳು. ಟೀಚರ ಕಪಾಟಿನಲ್ಲಿದ್ದ ಅವರ ಊರಿನ ಪಟ್ಟೆಪಟ್ಟೆ ಶಾಲನ್ನು ಶವಪೆಟ್ಟಿಗೆಯಲ್ಲಿ ಮಲಗಿದ್ದ ಅವರಿಗೆ ನಾನೇ ಹೊದಿಸಿದೆ. ಅದನ್ನು ಯಾರು ಹೊದಿಸಬೇಕಿತ್ತೋ, ಹೇಳುವವರಿರಲಿಲ್ಲ.

ಅಷ್ಟರಲ್ಲಿ ತಮ್ಮನ ವಿಡಿಯೋ ಕಾಲ್ ಬಂತು. ಹಿಂದಿಯಲ್ಲಿ ಕೇಳಿದ, "ಅಕ್ಕನ ಹತ್ತಿರ ಯಾರಿದ್ದಾರೆ?"

"ನಾನಿದ್ದೇನೆ. ಅವರ ಜೋಲ್."

"ಮತ್ತೆ?"

ಫೋನನ್ನು ಅಂಗಳದ ಕಡೆ ತಿರುಗಿಸಿದೆ. ಚರ್ಚಿನ ನಾಲ್ವರು ಕೂತದ್ದು ಬಿಟ್ಟರೆ ನಾನು ತರಿಸಿಟ್ಟ ಕುರ್ಚಿಗಳು ಖಾಲಿ ಇದ್ದವು.

"ಸಾಕು ದೀದಿ," ಎಂದ, "ಪೆಟ್ಟಿಗೆ ಮುಚ್ಚಿಬಿಡಿ."