ಟಗ್ ಬೋಟಿಗೆ ಆಯುಧಪೂಜೆ

ವಿದೇಶದಲ್ಲಿ, ಒಶಾವಾದ ಬಂದರಿನಲ್ಲಿ ಹಳೇ ಸ್ಟೀಮ್ ಟಗ್ ಬೋಟೊಂದರ ಬಾಯ್ಲರ್ ರಿಪೇರಿಗೆ ಹೋಗಿದ್ದೆ. ದೊಡ್ಡ ಹಡಗುಗಳನ್ನು ಎಳೆಯುವ ಬೋಟು ಅಂತಷ್ಟೇ ನನಗೆ ಗೊತ್ತಿದ್ದದ್ದು. ಅವತ್ತು ಆಯುಧಪೂಜೆ. ಅಭ್ಯಾಸಬಲ ನೋಡಿ, ಮುಂದಿನ ಡೆಕ್ಕಿನಲ್ಲಿದ್ದ ದುಂಡನೆಯ ಕಬ್ಬಿಣದ ಪಟ್ಟಿಯ ನಡುವೆ ಕುಂಕುಮ ತುಂಬಿದ ಬೂದುಗುಂಬಳಕಾಯಿ ಒಡೆದೇಬಿಟ್ಟೆ. ಕೆಂಪು ನೀರು ಹರಿಯಿತು.

ಬೋಟು ನೋಡಿಕೊಳ್ಳುವ ಮುದುಕರೊಬ್ಬರು ಓಡಿ ಬಂದವರು ಅಲ್ಲೇ ಕಲ್ಲಾಗಿ ನಿಂತರು. "ಮಹಾಯುದ್ಧದಲ್ಲಿ ಈ ಬೋಟು ಸಮುದ್ರದಾಚೆ ಇದ್ದಾಗ ಈ ಪಟ್ಟಿ ಮೇಲೇ ಗನ್ ಕೂರಿಸಿದ್ರು. ನಮ್ಮಪ್ಪನೇ ಗನ್ನರ್. ಶತ್ರು ವಿಮಾನದ ಗುಂಡು ತಗುಲಿ ಇಲ್ಲೇ ಹೋಗಿಬಿಟ್ರು," ಅಂದರು.

ನನ್ನ ಕೈಯೆಲ್ಲ ಕೆಂಪು, ಒರೆಸಿಕೊಳ್ಳಲೂ ಭಯ.

"ಇದೆಲ್ಲ ಯಾಕೆ?" ಅಂತ ಅವರು ಕೇಳಿದರು.

"ಈ ಬೋಟಲ್ಲಿ ಕೆಲಸ ಮಾಡೋರಿಗೆ ಏನೂ ಆಗದಿರಲಿ ಅಂತ, ಸರ್."

ಅವರು ಮಾಪ್ ತಂದು ನನ್ನ ಕೈಗಿಟ್ಟರು. "ಸ್ವಲ್ಪ ಲೇಟಾಗಿ ಬಂದ್ರಿ," ಅಂದರು.