ಕಣ್ಣು ತೆರೆದು ಸಾಯುವ ಚಂದ್ರಾಬಾಯಿ

ಚಂದ್ರಾಬಾಯಿ ಸಾಯುವುದರಲ್ಲಿ ನುರಿತವರು. ಮೂಕಿ ಚಿತ್ರಗಳ ಕಾಲದಲ್ಲಿ ಕೊಲ್ಹಾಪುರದ ಸ್ಟುಡಿಯೋಗಳಲ್ಲಿ ಅವರನ್ನು ಕತ್ತಿಯಿಂದ ಇರಿದಿದ್ದರು, ಕೋಟೆಯ ಮೇಲಿಂದ ದೂಡಿದ್ದರು, ಒಮ್ಮೆ ಸ್ವಂತ ಮಾವನೇ ಬಾವಿಗೆ ನೂಕಿದ್ದ. ಎಂಬತ್ತರ ದಶಕದ ಆರಂಭದಲ್ಲಿ ಉಗಾರ ಖುರ್ದದ ನಮ್ಮ ಓಣಿಗೆ ಬಂದು ನೆಲೆಸಿದಾಗ ಅವರಿಗೆ ಎಪ್ಪತ್ತು ದಾಟಿತ್ತು. ಇಷ್ಟು ಸಲ ಕೊಲೆಯಾದವರು ಊರಲ್ಲಿ ಬೇರೆ ಯಾರೂ ಇಲ್ಲದ್ದರಿಂದ ನಾವೆಲ್ಲ ಅವರೊಂದಿಗೆ ಭಯಭಕ್ತಿಯಿಂದ ನಡೆದುಕೊಳ್ಳುತ್ತಿದ್ದೆವು.

ಅವರ ಎಡಗಿವಿ ಕೇಳುತ್ತಿರಲಿಲ್ಲ. ದನಿಯಿಲ್ಲದ ಚಿತ್ರದಲ್ಲಿ ಸುಳ್ಳು ಏಟು ಸುಳ್ಳಾಗಿಯೇ ಕಾಣುತ್ತದೆಂದು ಡೈರೆಕ್ಟರು ನಿಜವಾದ ಏಟನ್ನೇ ಹಾಕಿಸುತ್ತಿದ್ದರಂತೆ. ಖಳನಾಯಕನೊಬ್ಬ ಕಲಾಸೇವೆಯ ಭರದಲ್ಲಿ ಇವರ ಕಿವಿಯ ತಮಟೆ ಒಡೆದ. ಇವರು ಅದೇ ದೃಶ್ಯದಲ್ಲಿ ಅವನ ಹೆಬ್ಬೆರಳನ್ನು ಎಲುಬು ಕಾಣುವಂತೆ ಕಚ್ಚಿದರು. ಕ್ಯಾಮೆರಾ ನಿಲ್ಲಲಿಲ್ಲ, ಚಿತ್ರ ಚೆನ್ನಾಗಿ ಓಡಿತು. ಮುಂದೆ ಮಾತಿನ ಚಿತ್ರಗಳು ಬಂದವು. ಇವರ ಮರಾಠಿಯಲ್ಲಿ ಕನ್ನಡ ಕೇಳಿಸುತ್ತದೆಂದು ಮನೆಗೆ ಕಳಿಸಿಬಿಟ್ಟರು.

ತಮ್ಮ ವಿದ್ಯೆಯ ಸಾರವನ್ನು ಅವರು ಒಮ್ಮೆ ನನಗೆ ಉಪದೇಶಿಸಿದ್ದರು: "ಸತ್ತ್ರ ಕಣ್ಣ ಮುಚ್ಚಬಾರ್ದ್ರಿ ಮಾಸ್ತರ. ಮುಚ್ಚಿದ್ರ ನಿದ್ದಿ ಹತ್ತೇತಿ ಅಂತಾರ. ತಗದ ಸತ್ತ್ರ ಹೊಡದಾಂವ ಹೆದರ್ತಾನ."

ಅವರ ಪಕ್ಕದ ಮನೆ ಟ್ರ್ಯಾಕ್ಟರ್ ಡ್ರೈವರ್ ಬಾಬುವಿನದು. ಆತನ ಹೆಂಡತಿ ಸುಶೀಲೆ ಚಂದ್ರಾಬಾಯಿಯವರನ್ನು ತಾಯಿಯೆಂದು ಭಾವಿಸಿ 'ಆಯಿ' ಎನ್ನುತ್ತಿದ್ದಳು. ಬಾಬು ಆಕೆಯನ್ನು ಹೊಡೆಯುತ್ತಿದ್ದ. ಓಣಿಗೆ ಕೇಳಬಾರದೆಂದು ಆಕೆ ಸೆರಗನ್ನು ಬಾಯಿಗೆ ತುರುಕಿಕೊಳ್ಳುತ್ತಿದ್ದಳು. ನಮಗೆ ಕೇಳಬಾರದೆಂದು ನಾವು ರೇಡಿಯೋ ಜೋರು ಮಾಡುತ್ತಿದ್ದೆವು. ಹೀಗೆ ಉಭಯತರ ಮರ್ಯಾದೆಯೂ ಉಳಿದಿತ್ತು. ಪಕ್ಕೆಲುಬು ಮುರಿದಾಗ ಮಾತ್ರ ಡಾಕ್ಟರು, ಇನ್ನೊಮ್ಮೆ ಹೀಗಾದರೆ ಈಕೆ ಉಳಿಯುವುದಿಲ್ಲ ಎಂದರು.

ಇನ್ನೊಮ್ಮೆ ಹಾಗಾಗಲು ಬಹಳ ದಿನ ಹಿಡಿಯಲಿಲ್ಲ. ಒಂದು ಸಂಜೆ ಬಾಬು ಟ್ರ್ಯಾಕ್ಟರಿನ ಬೆಲ್ಟು ಹಿಡಿದಿದ್ದ. ಸುಶೀಲೆಯ ಬೆನ್ನಿನ ಮೇಲೆ ಕುಪ್ಪಸ ಹರಿದು ರಕ್ತ ಇಳಿಯುತ್ತಿತ್ತು. ಗಂಡಸರಾದ ನಾವು ಹೊರಗೆ ನಿಂತು ಮುಂದೇನು ಎಂದು ಸಮಾಲೋಚಿಸುತ್ತಿರುವಾಗಲೇ ಚಂದ್ರಾಬಾಯಿಯವರು ಒಳಗೆ ಹೋದರು. ಸುಶೀಲೆಯ ಬಾಯಿಂದ ಸೆರಗು ಜಗ್ಗಿ ತೆಗೆದರು.

"ಒದರ ಬೇ. ನಿಂದೇನ ಮೂಕಿ ಪಿಚ್ಚರ್ ಅಲ್ಲ."

ಮುಂದಿನ ಏಟು ಅವರ ಹಣೆಗೇ ಬಿತ್ತು. ಅವರು ಅರ್ಧ ಸುತ್ತು ತಿರುಗಿ, ಎದೆಯ ಮೇಲೆ ಕೈಯಿಟ್ಟು, ಹೊಸ್ತಿಲ ಮೇಲೆ ಕುಸಿದರು. ರಕ್ತ ಕಣ್ಣಿಗೆ ಇಳಿಯಿತು, ರೆಪ್ಪೆ ಅಲುಗಲಿಲ್ಲ. ಆಗ ಸುಶೀಲೆ ಚೀರಿದಳು. ಎಷ್ಟೋ ವರ್ಷ ನುಂಗಿದ್ದೆಲ್ಲ ಒಮ್ಮೆಲೇ ಹೊರಬಂದಂತಿತ್ತು: "ಆಯೀನ ಕೊಂದಾ!"

ಬಾಬು ಆ ಕಣ್ಣನ್ನು ನೋಡಿದ. ಬೆಲ್ಟು ಕೈಯಿಂದ ಜಾರಿತು. ಹಿತ್ತಿಲಿನಿಂದ ಕಬ್ಬಿನೊಳಗೆ ಓಡಿದವನನ್ನು ಓಣಿಯ ಹುಡುಗರು ಹಿಡಿದು ಹಲ್ಲು ಉದುರುವಂತೆ ಬಡಿದರು. ಆದರೂ ಕೊಸರಿಕೊಂಡು ಗಡಿ ದಾಟಿ ಮಹಾರಾಷ್ಟ್ರದ ಮಿರಜ ಸೇರಿದ.

"ಹೋದನೇನ್ರಿ ಮಾಸ್ತರ?" ಎಂದು ಹೆಣ ಕೇಳಿತು.

ಹೋದನೆಂದೆ. ಎದ್ದು ಕುಳಿತು, ಹಣೆಯ ಹೊಲಿಗೆಗೆ ರಿಕ್ಷಾ ತರಿಸಲು ಅಪ್ಪಣೆ ಕೊಟ್ಟರು.

ಅಂದಿನಿಂದ ಓಣಿಗೆ ಓಣಿಯೇ ಒಂದು ಸುಳ್ಳನ್ನು ಧರ್ಮದಂತೆ ಪಾಲಿಸಿತು. ಮಿರಜಕ್ಕೆ ಹೋದವರೆಲ್ಲ ಬಾಬುವಿಗೆ, ಕೊಲೆ ಕೇಸು ಇನ್ನೂ ಬಿಸಿಯಾಗೇ ಐತಿ, ಈ ಕಡೆ ಹಾಯಬ್ಯಾಡ ಎಂದು ಹೇಳಿ ಬರುತ್ತಿದ್ದರು. ಅವನ ತಮ್ಮ ವಿಚಾರಿಸಲು ಬಂದಾಗ ಬಾಯಿಯವರನ್ನು ಒಳಕೋಣೆಗೆ ಸೇರಿಸಿ, ಕತ್ತಿ ಹಿಡಿದು ನಿಂತ ಅವರ ಹಳೆಯ ಫೋಟೋಕ್ಕೆ ಹಾರ ಹಾಕಿದ್ದೆವು. ಹೂವು ಬಾಡಿದ್ದವೆಂದು ಅವರು ಆಮೇಲೆ ನಮ್ಮನ್ನು ಬೈದರು. ಬಾಬು ಮರಳಿ ಬರಲಿಲ್ಲ. ಸುಶೀಲೆ ಮಾತ್ರ ಕಾಯಿಪಲ್ಲೆ ಮಾರುತ್ತ ಓಣಿ ನಡುಗುವಂತೆ ಕೂಗಲು ಕಲಿತಳು.

ತೊಂಬತ್ತರ ದಶಕದ ಒಂದು ಮುಂಜಾನೆ ಚಂದ್ರಾಬಾಯಿ ಏಳಲಿಲ್ಲ. ಓಣಿಯವರು ಚಟ್ಟಕ್ಕೆ ಬಿದಿರು ತಂದರು. ತಲೆದೆಸೆಯಲ್ಲಿ ಕುಳಿತ ಸುಶೀಲೆ ಯಾರಿಗೂ ಮುಟ್ಟಗೊಡಲಿಲ್ಲ.

"ಕಣ್ಣ ಮುಚ್ಚ್ಯಾಳ ನೋಡ್ರಿ ಮಾಸ್ತರ," ಎಂದಳು. "ಆಯಿ ಹಿಂಗ ಸಾಯೂದಿಲ್ಲ."

ಬಿದಿರು ತಂದವರು ಮಧ್ಯಾಹ್ನದವರೆಗೂ ಕಟ್ಟೆಯ ಮೇಲೆ ಕಾದು ಕುಳಿತರು. ನಾನೂ ನಡುನಡುವೆ ಒಳಗೆ ಹೋಗಿ ನೋಡಿ ಬರುತ್ತಿದ್ದೆ.