ಕಾದು ನಿಂತ ಹಾಡುಗಾರ

ಚಳಿಗಾಲದಲ್ಲಿ ಮೊದಲ ಸಲ ಹೀಟರ್ ಹಾಕಿದಾಗ ಸುಟ್ಟ ಧೂಳಿನ ವಾಸನೆಯೊಂದು ಏಳುತ್ತದಲ್ಲ, ಅದು ಮೂಗಿಗೆ ಬಡಿದರೆ ಸಾಕು, ನಾನು ಇಂಗ್ಲೆಂಡಿನ ಡರ್ಬಿಯ ಆ ಇಕ್ಕಟ್ಟಾದ ಮನೆಯ ಮುಂದಿನ ಕೋಣೆಯಲ್ಲಿರುತ್ತೇನೆ. ಅಪ್ಪನ ಪ್ರೊಜೆಕ್ಟರಿನ ದೀಪ ಬಿಸಿಯಾದಾಗಲೂ ಇದೇ ವಾಸನೆ ಬರುತ್ತಿತ್ತು. ದಿನವೆಲ್ಲ ವಿಮಾನದ ಎಂಜಿನ್ ಜೋಡಿಸುತ್ತಿದ್ದ ಅಪ್ಪನಿಗೆ, ಮುಚ್ಚಿದ ಥಿಯೇಟರೊಂದರ ಗುಜರಿಯಲ್ಲಿ ಸಿಕ್ಕಿದ, ಕೈಯಲ್ಲಿ ತಿರುಗಿಸುವ ಆ ಯಂತ್ರವೆಂದರೆ ಪ್ರಾಣ. ಅದರ ಜೊತೆ ಬಂದದ್ದು ಒಂದೇ ಒಂದು ಪುಟ್ಟ ಚಿತ್ರ: ಎತ್ತರದ ಕಪ್ಪು ಟೋಪಿಯ ಇಂಗ್ಲಿಷಿನವನೊಬ್ಬ ಬಂದು ನಿಂತು, ಒಂದು ಹಾಡು ಹೇಳಿ, ಬಗ್ಗಿ ವಂದಿಸಿ ಹೋಗುತ್ತಾನೆ. ಸಿನಿಮಾ ಇನ್ನೂ ಮಾತು ಕಲಿಯದ ಕಾಲದ್ದು. ಚಿತ್ರ ರೀಲಿನಲ್ಲಿ, ಹಾಡು ಬೇರೆಯೇ ಗ್ರಾಮಫೋನ್ ಪ್ಲೇಟಿನಲ್ಲಿ. ಎರಡನ್ನೂ ಕೂಡಿಸುವ ಕೆಲಸ ತೋರಿಸುವವರದು.

ನಮ್ಮಲ್ಲಿ ಹಿಡಿಕೆ ಅಪ್ಪನದು, ಗ್ರಾಮಫೋನಿನ ಮುಳ್ಳು ಅಮ್ಮನದು. ಭಾನುವಾರ ಮಧ್ಯಾಹ್ನ ಕಿಟಕಿಯ ಪರದೆ ಎಳೆದು ಅಪ್ಪ "ಬಾ ಮಾರಾಯ್ತಿ, ಅವ ಬಾಯಿ ತೆರೆದಾಯ್ತು" ಎಂದು ಕರೆದರೆ ಅಡುಗೆಮನೆಯಿಂದ ಯಾವಾಗಲೂ ಒಂದೇ ಉತ್ತರ: "ಅವ ಸ್ವಲ್ಪ ಕಾಯ್ಲಿ. ಸಾಸಿವೆ ಕಾಯುದಿಲ್ಲ." ಸಾರಿಗೆ ಒಗ್ಗರಣೆ ಬಿದ್ದ ಮೇಲೆಯೇ ಅವಳು ಕಾರ್ಡಿಗನ್ನಿಗೆ ಕೈ ಒರೆಸುತ್ತ ಬಂದು ಮುಳ್ಳು ಇಡುತ್ತಿದ್ದಳು. ಅಷ್ಟರಲ್ಲಿ ಟೋಪಿಯವನ ತುಟಿ ಅರ್ಧ ಸಾಲು ಮುಂದೆ ಹೋಗಿರುತ್ತಿತ್ತು. ಅಪ್ಪ ಬೈಯುತ್ತಿರಲಿಲ್ಲ, ಹಾಡು ಬಂದು ಸೇರುವವರೆಗೆ ಹಿಡಿಕೆಯನ್ನು ಮೆಲ್ಲಮೆಲ್ಲಗೆ ತಿರುಗಿಸುತ್ತಿದ್ದ. ಹಿಂದಿನ ಕಾಲದ ಇಂಗ್ಲಿಷಿನವರು ಬಸವನಹುಳುವಿನ ಹಾಗೆ ತುಟಿ ಆಡಿಸಿ ಹಾಡುತ್ತಿದ್ದರೆಂದು ನಾನು ಬಹಳ ಕಾಲ ನಂಬಿದ್ದೆ.

ಅಮ್ಮ ತೀರಿಕೊಂಡ ಮೇಲೆ ಅಪ್ಪ ಒಂದೇ ಸಲ ಆ ಯಂತ್ರ ಹೊರಗೆ ತೆಗೆದ. ಮುಳ್ಳನ್ನೂ ತಾನೇ ಇಟ್ಟ, ಹಿಡಿಕೆಯನ್ನೂ ತಾನೇ ತಿರುಗಿಸಿದ. ತುಟಿಗೂ ಹಾಡಿಗೂ ಕೂದಲೆಳೆಯಷ್ಟೂ ವ್ಯತ್ಯಾಸವಿರಲಿಲ್ಲ. ಅರ್ಧಕ್ಕೇ ನಿಲ್ಲಿಸಿ "ಸಾಕು" ಅಂದ. ಯಾಕೆಂದು ನಾನು ಎಂದಿನಂತೆ ಇಂಗ್ಲಿಷಿನಲ್ಲಿ ಕೇಳಿದೆ. ಅವನು ಯಂತ್ರಕ್ಕೆ ಬಟ್ಟೆ ಹೊದಿಸಿದ.

ಈಗ ಅಪ್ಪನೂ ಇಲ್ಲ, ಆ ಮನೆಯೂ ಇಲ್ಲ. ಯಂತ್ರ, ರೀಲು, ಪ್ಲೇಟು ಎಲ್ಲವನ್ನೂ ಒಂದು ಮ್ಯೂಸಿಯಮ್ಮಿಗೆ ಕೊಟ್ಟೆ. ಅವರು ಚಿತ್ರವನ್ನೂ ಹಾಡನ್ನೂ ಕೂಡಿಸಿ ಮೊನ್ನೆ ಕಂಪ್ಯೂಟರಿಗೆ ಕಳಿಸಿದರು. ಹಡರ್ಸ್‌ಫೀಲ್ಡಿನ ನನ್ನ ಫ್ಲ್ಯಾಟಿನಲ್ಲಿ ಒಬ್ಬನೇ ಕೂತು ನೋಡಿದೆ. ಎಷ್ಟು ಸರಿಯಾಗಿತ್ತೆಂದರೆ ಅದರಲ್ಲಿ ನನ್ನವರು ಯಾರೂ ಇರಲಿಲ್ಲ. ಮತ್ತೆ ಮೊದಲಿಂದ ಹಾಕಿ, ಟೋಪಿಯವನು ಬಾಯಿ ತೆರೆದ ಕೂಡಲೇ ನಿಲ್ಲಿಸಿಬಿಟ್ಟೆ. "ಅವ ಸ್ವಲ್ಪ ಕಾಯ್ಲಿ" ಎಂದೆ, ಕೇಳುವವರು ಯಾರೂ ಇಲ್ಲದ ಕೋಣೆಯಲ್ಲಿ, ಕನ್ನಡದಲ್ಲಿ. ಆಮೇಲೆ ಅಡುಗೆಮನೆಯ ಕಡೆ ಕಿವಿಗೊಟ್ಟು ಕೂತೆ.